ತೂಕದ ಚೀಟಿ

ನಮ್ಮೂರಲ್ಲಿ ಮನೆಯೊಳಗೆ ಹೋಗುವುದೆಂದರೆ ಇಳಿಯುವುದು.
ರಸ್ತೆಗೆ ಮುಖವಿಟ್ಟದ್ದು ಮೇಲಂತಸ್ತು,
ಅದರ ಕೆಳಗೆ ಅಡುಗೆಮನೆ, ಅದರ ಕೆಳಗೆ ಹಂದಿ,
ಆಮೇಲೆ ಮರದ ಕಂಬಗಳು, ಬರೀ ಗಾಳಿ,
ಆಮೇಲೆ ಕೆಳಮನೆಯವರ ತಗಡಿನ ಸೂರು.
ಹೀಗೆ ಇಳಿದಿಳಿದು ಊರು ಮುಗಿಯುವಲ್ಲಿ ತಿಯಾವು ಹೊಳೆ,
ಹೊಳೆಗೊಂದು ಸೇತುವೆ,
ಸೇತುವೆಯ ಈ ತುದಿಯಲ್ಲಿ ನನ್ನ ತಕ್ಕಡಿ.

ಆ ತುದಿಯಲ್ಲಿ ಬರ್ಮಾ.

ಅಪ್ಪ ಹ್ರಾಂಗ್‌ನೂನ ಬಿಟ್ಟುಹೋದದ್ದು ಇಷ್ಟೇ:
ಕಬ್ಬಿಣದ ಹಲಗೆ, ಹಿತ್ತಾಳೆಯ ಗುಂಡು,
ಮತ್ತೊಂದು ಗುಟ್ಟು. ನೂರು ಕಿಲೋಗೆ
ಮುನ್ನೂರು ಗ್ರಾಂ ಕಮ್ಮಿ ತೋರಿಸುತ್ತದೆ ಇದು.
ಗುಟ್ಟು ಊರಿಗೆಲ್ಲ ಗೊತ್ತು.
ಚೀಟಿ ಬರೆಯುವಾಗ ನಾನೇ ಕೂಡಿಸುತ್ತೇನೆ.

ದಿಲ್ಲಿಯ ಗಡಿಯಾರ ಮಗ್ಗುಲು ಬದಲಿಸುವ ಹೊತ್ತಿಗೆ
ಇಲ್ಲಿ ಬಿಸಿಲು ಬಂದು ಹೊರೆಯವರ ಸಾಲು ನಿಂತಾಗಿರುತ್ತದೆ.
ಆಚೆಯಿಂದ ಶುಂಠಿ, ಒಣಮೀನು, ಚೀನಾದ ಕಂಬಳಿ,
ಬಿಡಿಬಿಡಿಯಾಗಿ ಬಂದು ಇಲ್ಲಿ ಒಂದಾಗುವ ಬೈಕು.
ಈಚೆಯಿಂದ ಜ್ವರದ ಮಾತ್ರೆ, ಗೊಬ್ಬರ, ಕುಕ್ಕರಿನ ರಬ್ಬರು.
ಎಲ್ಲ ಬೆನ್ನ ಮೇಲೆ; ಬೆನ್ನಿನದೆಲ್ಲ ಹಣೆಯ ಪಟ್ಟಿಗೆ.
ಐವತ್ತು ದಾಟಿದ ಸಾಂಗ್‌ಖೂಮಿ ನಗುತ್ತಾಳೆ:
"ಹಣೆಬರಹವೇ? ಅದನ್ನು ಈ ಪಟ್ಟಿ
ಉಜ್ಜಿ ಉಜ್ಜಿ ಅಳಿಸಿ ಎಷ್ಟೋ ವರ್ಷವಾಯಿತು."

ಆಚೆ ದಂಡೆಯಲ್ಲಿ ಹೊತ್ತು ಒಂದು ಗಂಟೆ ಮುಂದೆ.
ಚಹಾದ ರೋಖೂಮನ ಅಂಗಡಿಯಲ್ಲಿ ಎರಡು ಗಡಿಯಾರ.
ಗಂಟೆಯೆಷ್ಟು ಎಂದರೆ ಅವನು ಕೇಳುತ್ತಾನೆ: "ಯಾರಿಗೆ?"
ಭಾನುವಾರ ಗೇಟಿಗೆ ಬೀಗ, ತಕ್ಕಡಿಗೆ ಗೋಣಿಯ ಹೊದಿಕೆ.
ನಮ್ಮ ಚರ್ಚಿನ ಡೋಲು ಶುರುವಾಗುವಾಗ
ಅವರದು ಕೊನೆಯ ಹಾಡು, ಅದೇ ಹಾಡು.
ಸತ್ತವರು ದಾಟಿಹೋಗುವ ರಿಹ್ ಕೆರೆ ಆಚೆಗಿದೆ
ಎನ್ನುತ್ತಿದ್ದಳು ಅಜ್ಜಿ.
ಪಾದ್ರಿ ಬಂದರೆ ಮಾತು ಬದಲಿಸಿ
ಸಾಸಿವೆ ಸೊಪ್ಪಿನ ರೇಟು ಕೇಳುತ್ತಿದ್ದಳು.

ಅಂಥದೊಂದು ಭಾನುವಾರ ರಾತ್ರಿ ಗುಡ್ಡದಾಚೆ
ಯಾರೋ ತಗಡು ಬಡಿದಂತೆ ಶುರುವಾಯಿತು.
ತಗಡಲ್ಲ ಎಂದು ನಾಯಿಗಳಿಗೆ ಮೊದಲು ಗೊತ್ತಾಯಿತು.
ಆಮೇಲೆ ಸೇತುವೆಯ ತುಂಬ ಕಾಲುಗಳು.
ಬೀಗ ತೆಗೆದವರು ಯಾರೆಂದು ಇವತ್ತಿಗೂ
ಕಾವಲಿನ ಸಿಪಾಯಿಗೆ ನೆನಪಿಲ್ಲ.
ನನಗೂ ಇಲ್ಲ.

ತಿಯಾಲ್‌ಪಾರ್ ಎಂಬ ಹುಡುಗಿ ದಾಟುವುದು ಮುಗಿಸಲಿಲ್ಲ.
ನಡುಸೇತುವೆಯಲ್ಲಿ ಕುಕ್ಕರಿಸಿದಳು.
ಹೆಂಗಸರು ಸುತ್ತ ಪುವಾನ್ ಹಿಡಿದು ಗೋಡೆಯಾದರು,
ಸಾಂಗ್‌ಖೂಮಿ ಟಾರ್ಚನ್ನು ಹಲ್ಲಲ್ಲಿ ಕಚ್ಚಿಕೊಂಡಳು.
ಗಂಡುಮಗು. ನಮ್ಮ ಹನ್ನೊಂದೂ ನಲವತ್ತು,
ಅವರ ಹನ್ನೆರಡೂ ನಲವತ್ತು.
ನರ್ಸು ಭಾನುವಾರ ಎಂದು ಬರೆದಳು.
ತಾಯಿ ಸೋಮವಾರ ಎಂದಳು, ಅಷ್ಟು ಸುಸ್ತಿನಲ್ಲೂ,
ಎರಡು ಸಲ ಎಂದಳು.

ಬೆಳಿಗ್ಗೆ ನೋಡಿದರೆ ಆಸ್ಪತ್ರೆಯ ತಕ್ಕಡಿಗೆ ಬ್ಯಾಟರಿ ಇಲ್ಲ.
ಮಗುವನ್ನು ನನ್ನ ಹತ್ತಿರ ತಂದರು.
ಸಾಲಿನ ಗಂಡಸರು ಮಾತಿಲ್ಲದೆ ಸರಿದು ನಿಂತರು.
ಒಣಮೀನಿನ ಪುಡಿ ಒರೆಸಿ, ನನ್ನ ಪುವಾನ್ ಹಾಸಿ ಮಲಗಿಸಿದೆ.
ಅವನು ಮೊದಲು ಮಾಡಿದ ಕೆಲಸ ಉಚ್ಚೆ.
ಇನ್ನು ಬಟ್ಟೆಯ ತೂಕ ಕಳೆಯುವುದು ಹೇಗೆ,
ಒಣಗಿದ್ದನ್ನೋ ಒದ್ದೆಯದನ್ನೋ?
ರೋಖೂಮ ಒಂದು ಹೇಳಿದ, ಸಿಪಾಯಿ ಇನ್ನೊಂದು.
ಅಳೆದು ಸುರಿದು ಎರಡು ಕಿಲೋ ನಾನೂರಕ್ಕೆ ಬಂತು.
ತಕ್ಕಡಿಯ ಮೋಸ ಇಷ್ಟು ಹಗುರಕ್ಕೆ ಏಳು ಗ್ರಾಂ.
ಯಾರೂ ಕೇಳದಿದ್ದರೂ ಕೂಡಿಸಿದೆ.

ಚೀಟಿಯಲ್ಲಿ ಅಚ್ಚಾದದ್ದು ಇವು:
ಸರಕು, ತೂಕ, ಎಲ್ಲಿಂದ, ಎಲ್ಲಿಗೆ, ಸುಂಕ.
ಮೊದಲನೆಯದಕ್ಕೆ ಗೆರೆ ಎಳೆದೆ. ತೂಕ ಬರೆದೆ.
"ಎಲ್ಲಿಂದ"ದಲ್ಲಿ ಪೆನ್ನು ನಿಂತಿತು.
ತಲೆಯೆತ್ತಿ ನೋಡಿದರೆ ತಿಯಾಲ್‌ಪಾರ್
ಹೊಳೆಯ ಕಡೆ ನೋಡುತ್ತಿದ್ದಳು, ಯಾವ ದಂಡೆಯನ್ನೂ ಅಲ್ಲ,
ನೀರನ್ನು, ಕೆಂಪಗೆ ಮಳೆಗಾಲದ ನೀರನ್ನು.
ಸೇತುವೆ, ಎಂದು ಬರೆದೆ.

"ಎಲ್ಲಿಗೆ" ಬರೆಯುವಷ್ಟರಲ್ಲಿ
ಧೊಪ್ಪೆಂದು ಹಲಗೆಗೆ ಬಿತ್ತು
ಮುಂದಿನವನ ಶುಂಠಿ ಮೂಟೆ.
"ಬೇಗ ತೂಗಕ್ಕ, ಆಚೆ ಆಗಲೇ ಒಂಬತ್ತಾಯಿತು."